ಹದಿನೆಂಟನೇ ಮೆಟ್ಟಿಲು ಬೇಡ

ಪ್ರಶ್ನೆ: ಫಿಲಿಪ್ಪೀನ್ಸ್ ಸಿನಿಮಾ ಕುರಿತ ಲೇಖನದಲ್ಲಿ ಪೆಕೆ ಗಲ್ಲಾಗ ಅವರು ಪ್ರೊಡಕ್ಷನ್ ಡಿಸೈನರ್ ಆಗಿದ್ದು ನಿರ್ದೇಶಕರಾದರು ಎಂದಿದ್ದೀರಿ. ಕಲಾ ನಿರ್ದೇಶನವೂ ಇದೂ ಒಂದೇ ತಾನೆ? ಸೆಟ್ ಹಾಕಿಸುವವರು ನಿರ್ದೇಶನಕ್ಕೆ ಬರುವುದು ಹೇಗೆ?

ಉತ್ತರ: ಒಂದೇ ಅಲ್ಲ. ಬಡಗಿ, ಪೇಂಟರ್‌ಗಳಿಂದ ಸೆಟ್ ಎಬ್ಬಿಸುವುದು ಕಲಾ ನಿರ್ದೇಶಕರ ಕೆಲಸ. ಡಿಸೈನರ್ ಅದಕ್ಕೂ ಮೊದಲೇ ಚಿತ್ರಕಥೆ ಹಿಡಿದು ಕೂರುತ್ತಾರೆ. ಯಾವ ದೃಶ್ಯಕ್ಕೆ ಸೆಟ್, ಯಾವುದಕ್ಕೆ ನಿಜವಾದ ಮನೆ, ಕೆಸರಲ್ಲಿ ಬೀಳುವ ಪಾತ್ರಕ್ಕೆ ಒಂದೇ ಉಡುಪಿನ ಎಷ್ಟು ಜೊತೆ ಬೇಕು, ಇದೆಲ್ಲ ಅವರೇ ನಿರ್ಧರಿಸಬೇಕು. ಗೋಡೆ, ಬಟ್ಟೆ, ಊಟದ ತಟ್ಟೆ ಎಲ್ಲವೂ ಒಂದೇ ಕಾಲದ, ಒಂದೇ ಮನೆತನದ್ದಾಗಿ ಕಾಣಬೇಕು.

ಗಲ್ಲಾಗ ಪಳಗಿದ್ದು ಇದರಲ್ಲೇ. ಎಡ್ಡಿ ರೊಮೆರೊ ನಿರ್ದೇಶನದ 1976ರ ‘ಗನಿತೊ ಕಮಿ ನೂನ್’ ಚಿತ್ರಕ್ಕೆ ಲೈಡಾ ಲಿಮ್-ಪೆರೆಜ್ ಜೊತೆ ಸ್ಪೇನ್ ಆಳ್ವಿಕೆಯ ಕೊನೆಗಾಲವನ್ನು ಕಟ್ಟಿಕೊಟ್ಟರು. ಅದಕ್ಕೆ ಅಲ್ಲಿನ ಚಿತ್ರ ವಿಮರ್ಶಕರು ಕೊಡುವ ಉರಿಯನ್ ಪ್ರಶಸ್ತಿಯೂ ಬಂತು. 1982ರಲ್ಲಿ ಅವರೇ ನಿರ್ದೇಶಿಸಿದ ‘ಓರೊ, ಪ್ಲಾತಾ, ಮಾತಾ’ದ ಹೆಸರೇ ಮನೆ ಕಟ್ಟುವವರ ಲೆಕ್ಕ. ಫಿಲಿಪ್ಪೀನ್ಸ್‌ನಲ್ಲಿ ಮೆಟ್ಟಿಲನ್ನು ಚಿನ್ನ, ಬೆಳ್ಳಿ, ಸಾವು ಎಂದು ಎಣಿಸುತ್ತ ಹತ್ತುತ್ತಾರೆ. ಕೊನೆಯದು ಸಾವಿಗೆ ಬೀಳಕೂಡದು.

ಡಿಸೈನರ್‌ಗೆ ಇದು ಬರೀ ನಂಬಿಕೆಯಲ್ಲ, ಅಳತೆ. ಮಹಡಿ ಎತ್ತರ 306 ಸೆಂ.ಮೀ. ಎನ್ನಿ. ಮೆಟ್ಟಿಲಿಗೆ 17 ಸೆಂ.ಮೀ. ಇಟ್ಟರೆ 18 ಮೆಟ್ಟಿಲು, ಮೂರರಿಂದ ಭಾಗವಾಗುತ್ತದೆ, ಅಂದರೆ ಸಾವು. 18 ಸೆಂ.ಮೀ. ಇಟ್ಟರೆ 17 ಮೆಟ್ಟಿಲು, ಬೆಳ್ಳಿಗೆ ನಿಲ್ಲುತ್ತದೆ. ಎಡವಟ್ಟಾಗುವುದು ಕ್ಯಾಮೆರಾಗೆ ಕಾಣುವಷ್ಟೇ ಸಾಕೆಂದು 12 ಮೆಟ್ಟಿಲು ಕಟ್ಟಿ ಕೈತೊಳೆದುಕೊಂಡಾಗ. ಎಣಿಸುತ್ತ ಬೆಳೆದ ಪ್ರೇಕ್ಷಕರು ಅದನ್ನು ಹಿಡಿಯದೆ ಬಿಡುವುದಿಲ್ಲ.

ಕಿಟಕಿಯದು ಇನ್ನೂ ಸೂಕ್ಷ್ಮ. ಕೆಳಗೆ ಕಲ್ಲು, ಮೇಲೆ ಮರವಿರುವ ಹಳೆಯ ‘ಬಹಾಯ್ ನಾ ಬಾತೊ’ ಮನೆಗಳಲ್ಲಿ ಗಾಜಿನ ಬದಲು ಕಾಪಿಸ್ ಎಂಬ, ಬೆಳಕು ಹಾಯುವ ತೆಳು ಕಡಲ ಚಿಪ್ಪಿನ ಚೌಕಗಳಿರುತ್ತವೆ. (ನಮ್ಮ ಪಕ್ಕದ ಗೋವಾದ ಹಳೆ ಮನೆಗಳಲ್ಲೂ ಇದೇ ಬಗೆಯ ಚಿಪ್ಪಿನ ಕಿಟಕಿ ಕಾಣಸಿಗುತ್ತದೆ.) ಖರ್ಚು ಉಳಿಸಲು ಹಾಲುಬಣ್ಣದ ಪ್ಲಾಸ್ಟಿಕ್ ಹಾಕಿದರೆ ಹಿಂದಿನಿಂದ ಲೈಟ್ ಬಿದ್ದ ಕೂಡಲೇ ಬಣ್ಣ ಬಯಲು. ನಿಜವಾದ ಚಿಪ್ಪಿನಲ್ಲಿ ಬೆಳವಣಿಗೆಯ ಗೆರೆಗಳಿರುತ್ತವೆ, ಒಂದು ಚೌಕ ಮತ್ತೊಂದರಂತಿರುವುದಿಲ್ಲ. ಹಣ ಕಡಿಮೆಯಿದ್ದರೆ ಕ್ಯಾಮೆರಾ ಹತ್ತಿರ ಹೋಗುವ ಒಂದು ಕಿಟಕಿಗಾದರೂ ಅಸಲಿ ಚಿಪ್ಪು ಹಾಕಿಸಲೇಬೇಕು. ಈ ಕಿಟಕಿಗಳು ಅಕ್ಕಪಕ್ಕಕ್ಕೆ ಜಾರುವಂಥವು. ಮಳೆಗಾಲದ ತೇವಕ್ಕೆ ಮರ ಉಬ್ಬಿ ಕಚ್ಚಿಕೊಳ್ಳುವುದರಿಂದ ಜಾಡಿನಲ್ಲಿ ಎರಡು-ಮೂರು ಮಿ.ಮೀ. ಸಡಿಲ ಬಿಟ್ಟು ಮೇಣದಬತ್ತಿ ಉಜ್ಜುತ್ತಾರೆ.

ನೆಲವನ್ನು ಅಲ್ಲಿನ ಮನೆಗಳಲ್ಲಿ ಅರ್ಧ ತೆಂಗಿನ ಸಿಪ್ಪೆಯ ಮೇಲೆ ಕಾಲಿಟ್ಟು ಉಜ್ಜಿ ಹೊಳಪೇರಿಸುತ್ತಾರೆ. ವಾರ್ನಿಷ್ ಬಳಿದರೆ ಮೂಲೆಯಲ್ಲೂ ನಡುವೆಯೂ ಒಂದೇ ಹೊಳಪು. ಕಾಲು ಆಡುವ ದಾರಿ ಮಾತ್ರ ಮಿನುಗಿ ಮಂಚದ ಕೆಳಗೆ ಮಂಕಾಗಿದ್ದರೆ ಅದು ಜನ ಬಾಳಿದ ಮನೆ. ಈ ಗುಟ್ಟು ಗೊತ್ತಿರುವವರಿಗೆ ಪಾತ್ರ ಯಾವ ಬಾಗಿಲಿಂದ ಬಂದು ಎಲ್ಲಿ ಕೂರುತ್ತದೆ ಎಂಬುದೂ ಗೊತ್ತಿರಬೇಕಲ್ಲ? ನಿರ್ದೇಶನದ ಅರ್ಧ ಪಾಠ ಅಲ್ಲೇ ಆಗಿಹೋಗುತ್ತದೆ.

ಗಲ್ಲಾಗ ಒಬ್ಬರೇ ಅಲ್ಲ. 2009ರಲ್ಲಿ ಕಾನ್ ಚಿತ್ರೋತ್ಸವದ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಪಡೆದ ಬ್ರಿಯಾಂತೆ ಮೆಂಡೋಜ ಕೂಡ ಡಾಂತೆ ಮೆಂಡೋಜ ಎಂಬ ಹೆಸರಿನಲ್ಲಿ ಪ್ರೊಡಕ್ಷನ್ ಡಿಸೈನ್ ಮಾಡುತ್ತಿದ್ದವರು. ನಿರ್ದೇಶಕರಾಗಿ ಮೊದಲ ಚಿತ್ರ ಬಂದದ್ದು 2005ರಲ್ಲಿ.