ಓದುಗರ ಪ್ರಶ್ನೆಗೆ ಉತ್ತರ: ಜಮೀನು, ಮತ ಮತ್ತು ಸರ್ಕಾರದ ಅಧಿಕಾರದ ಎಲ್ಲೆ

ಪ್ರಶ್ನೆ: ಕೈಗಾರಿಕಾ ಪ್ರದೇಶಕ್ಕೆಂದು ನಮ್ಮ ಊರಿನ ಜಮೀನುಗಳಿಗೆ ಕರ್ನಾಟಕ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿಯಿಂದ (ಕೆಐಎಡಿಬಿ) ನೋಟಿಸ್ ಬಂದಿದೆ. ಆಸ್ತಿ ಈಗ ಮೂಲಭೂತ ಹಕ್ಕಲ್ಲ, ಸರ್ಕಾರ ಮನಸ್ಸು ಮಾಡಿದರೆ ತೆಗೆದುಕೊಂಡೇ ತೀರುತ್ತದೆ, ತಕರಾರು ಹಾಕಿ ಪ್ರಯೋಜನವಿಲ್ಲ ಎನ್ನುತ್ತಾರೆ. ಇದು ನಿಜವೇ?
— ರೈತರೊಬ್ಬರು, ಕೋಲಾರ ಜಿಲ್ಲೆ

ಉತ್ತರ: ಮೊದಲನೆಯ ಮಾತು ನಿಜ, ಉಳಿದದ್ದು ನಿಜವಲ್ಲ. ಸಂವಿಧಾನದ 44ನೇ ತಿದ್ದುಪಡಿಯ ಮೂಲಕ, 1979ರ ಜೂನ್ 20ರಿಂದ, ಆಸ್ತಿಯ ಹಕ್ಕು ಮೂಲಭೂತ ಹಕ್ಕುಗಳ ಪಟ್ಟಿಯಿಂದ ಹೊರಬಿತ್ತು. ಅದರ ಬದಲಿಗೆ ಬಂದ 300ಎ ವಿಧಿಯ ಪ್ರಕಾರ, ಕಾನೂನಿನ ಅಧಿಕಾರವಿಲ್ಲದೆ ಯಾರನ್ನೂ ಅವರ ಆಸ್ತಿಯಿಂದ ವಂಚಿತರನ್ನಾಗಿ ಮಾಡುವಂತಿಲ್ಲ. ಈ ಹಕ್ಕಿಗೆ ಧಕ್ಕೆಯಾದರೆ 32ನೇ ವಿಧಿಯಡಿ ನೇರವಾಗಿ ಸುಪ್ರೀಂ ಕೋರ್ಟಿಗೆ ಹೋಗಲು ಈಗ ಬರುವುದಿಲ್ಲ; ಆದರೆ 226ನೇ ವಿಧಿಯಡಿ ಹೈಕೋರ್ಟಿನ ಬಾಗಿಲು ತೆರೆದೇ ಇದೆ.

ಕಾನೂನಿನ ಅಧಿಕಾರ ಎಂದರೆ ಮಂತ್ರಿಗಳ ಮಾತೂ ಅಲ್ಲ, ಅಧಿಕಾರಿಯ ಪತ್ರವೂ ಅಲ್ಲ. ಬೆಂಗಳೂರಿನ ಹೊರವಲಯದ ತಾತಗುಣಿ ಎಸ್ಟೇಟಿನ ಪ್ರಕರಣದಲ್ಲಿ 2011ರಲ್ಲಿ ಸುಪ್ರೀಂ ಕೋರ್ಟು, ಸಾರ್ವಜನಿಕ ಉದ್ದೇಶ ಮತ್ತು ಪರಿಹಾರ ಎಂಬ ಎರಡು ಅಂಶಗಳು 300ಎ ವಿಧಿಯೊಳಗೇ ಅಡಕವಾಗಿವೆ ಎಂದಿತು. 2024ರ ಮೇ ತಿಂಗಳಲ್ಲಿ ಕೋಲ್ಕತ್ತ ಮಹಾನಗರಪಾಲಿಕೆಯ ಪ್ರಕರಣದಲ್ಲಿ ಅದೇ ನ್ಯಾಯಾಲಯವು ಇದನ್ನು ಇನ್ನಷ್ಟು ಬಿಡಿಸಿ, ಮುಂಚಿತವಾಗಿ ನೋಟಿಸ್ ಕೊಡಬೇಕು, ಆಕ್ಷೇಪಣೆ ಕೇಳಬೇಕು, ಕಾರಣ ಸಹಿತವಾದ ಆದೇಶ ಹೊರಡಿಸಬೇಕು, ಉದ್ದೇಶ ಸಾರ್ವಜನಿಕವಾಗಿರಬೇಕು, ನ್ಯಾಯವಾದ ಪರಿಹಾರ ಸಿಗಬೇಕು, ಕೆಲಸ ವಿಳಂಬವಿಲ್ಲದೆ ನಡೆಯಬೇಕು, ಕೊನೆಮುಟ್ಟಬೇಕು ಎಂದು ಏಳು ಅಂಶಗಳನ್ನು ಹೇಳಿತು.

ಇನ್ನು ನಿಮ್ಮ ಕೈಯಲ್ಲಿರುವ ನೋಟಿಸಿನ ವಿಷಯ. 1966ರ ಕೆಐಎಡಿಬಿ ಕಾಯ್ದೆಯಲ್ಲಿ ಕಲಂ 28(1) ಎಂದರೆ ಪ್ರಾಥಮಿಕ ಅಧಿಸೂಚನೆ, 28(4) ಎಂದರೆ ಅಂತಿಮ ಅಧಿಸೂಚನೆ. ಅಂತಿಮ ಅಧಿಸೂಚನೆ ರಾಜ್ಯಪತ್ರದಲ್ಲಿ ಪ್ರಕಟವಾದ ಕೂಡಲೇ ಜಮೀನು ಸರ್ಕಾರದ ಒಡೆತನಕ್ಕೆ ಸೇರಿದಂತೆ. ಆದ್ದರಿಂದ ಇವೆರಡರ ನಡುವಿನ ದಿನಗಳೇ ನಿಮ್ಮವು; ‘ಪ್ರಯೋಜನವಿಲ್ಲ’ ಎಂಬ ಮಾತನ್ನು ನಂಬಿ ಅವನ್ನು ಕಳೆದುಕೊಳ್ಳಬೇಡಿ. ನೋಟಿಸಿನಲ್ಲಿ ಹೇಳಿರುವ ಗಡುವಿನೊಳಗೆ ಲಿಖಿತವಾಗಿ ಆಕ್ಷೇಪಣೆ ಸಲ್ಲಿಸಿ. ‘ನಮಗೆ ಯೋಜನೆ ಬೇಡ’ ಎಂಬ ಒಂದು ಸಾಲು ಸಾಲದು. ಸರ್ವೆ ನಂಬರ್, ಎಕರೆ–ಗುಂಟೆ, ಬೆಳೆ, ಕೊಳವೆಬಾವಿ, ಮರಗಳು, ಮನೆ, ಆ ಜಮೀನಿನ ಮೇಲೆ ಬದುಕುತ್ತಿರುವವರ ಸಂಖ್ಯೆ, ಹತ್ತಿರದಲ್ಲಿ ಬೇರೆ ಜಾಗ ಇದ್ದರೆ ಅದರ ವಿವರ, ಇಷ್ಟೂ ಅದರಲ್ಲಿ ಇರಲಿ. ವಿಶೇಷ ಭೂಸ್ವಾಧೀನಾಧಿಕಾರಿಗಳ ಕಚೇರಿಯಲ್ಲಿ ಪತ್ರ ಕೊಟ್ಟು, ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ದಿನಾಂಕ ಹಾಕಿಸಿಕೊಳ್ಳದೆ ಹೊರಗೆ ಬರಬೇಡಿ. ಪಹಣಿ ಇನ್ನೂ ತೀರಿಹೋದ ತಂದೆಯವರ ಹೆಸರಿನಲ್ಲಿದ್ದರೆ ಪೌತಿ ಖಾತೆಗೆ, ಅಂದರೆ ವಾರಸುದಾರರ ಹೆಸರಿಗೆ ಖಾತೆ ಬದಲಾವಣೆಗೆ, ಇಂದೇ ಅರ್ಜಿ ಹಾಕಿ. ಪರಿಹಾರದ ಹಣ ವರ್ಷಗಟ್ಟಲೆ ಸಿಕ್ಕಿಕೊಳ್ಳುವುದು ಇಲ್ಲಿಯೇ. ವಿಚಾರಣೆಯ ನಂತರ 28(3)ರ ಅಡಿ ಬರುವ ಆದೇಶದ ನಕಲು ಪಡೆಯಿರಿ. ಊರಿನ ಎಲ್ಲರಿಗೂ ಒಂದೇ ಒಕ್ಕಣೆಯ ಆದೇಶ ಬಂದಿದ್ದರೆ, ನಿಮ್ಮ ಆಕ್ಷೇಪಣೆಯನ್ನು ಯಾರೂ ಓದಿಲ್ಲ ಎಂದು ಹೈಕೋರ್ಟಿನ ಮುಂದೆ ವಾದಿಸಲು ಅದೇ ಆಧಾರವಾಗುತ್ತದೆ.

ಪರಿಹಾರ ತಡವಾಗುವುದನ್ನೂ ನ್ಯಾಯಾಲಯ ಸಹಿಸಿಲ್ಲ. ಬೆಂಗಳೂರು–ಮೈಸೂರು ಮೂಲಸೌಕರ್ಯ ಕಾರಿಡಾರಿಗೆ 2003ರಲ್ಲಿ ಪ್ರಾಥಮಿಕ ಅಧಿಸೂಚನೆಯಾಗಿ, 2005ರಲ್ಲಿ ಸ್ವಾಧೀನವೂ ಆಗಿದ್ದ ಜಮೀನಿನ ಮಾಲೀಕರಿಗೆ ಪರಿಹಾರವೇ ತಲುಪಿರಲಿಲ್ಲ. 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟು 2003ರ ದರವನ್ನು ಬದಿಗಿಟ್ಟು, 2019ರ ಏಪ್ರಿಲ್ 22ರ ಮಾರುಕಟ್ಟೆ ಬೆಲೆಯಲ್ಲಿ ಪರಿಹಾರ ನಿಗದಿ ಮಾಡಲು ಆದೇಶಿಸಿತು.

ಪ್ರಶ್ನೆ: ಬಹುಮತದಿಂದ ಗೆದ್ದು ಬಂದ ಸರ್ಕಾರದ ತೀರ್ಮಾನವನ್ನು ನ್ಯಾಯಾಲಯ ತಡೆದರೆ ಮತದಾರರ ತೀರ್ಪಿಗೆ ಏನು ಬೆಲೆ?
— ಪದವಿ ವಿದ್ಯಾರ್ಥಿನಿ, ಧಾರವಾಡ

ಉತ್ತರ: ನೂರು ವಿಷಯಗಳಿಗೆ ನಾವು ಹಾಕುವುದು ಒಂದೇ ಮತ. ರಸ್ತೆ, ಪಡಿತರ, ಶಾಲೆ, ಜಾತಿ, ಪಕ್ಷ ಎಲ್ಲವನ್ನೂ ತೂಗಿ ಒಂದು ಗುಂಡಿ ಒತ್ತುತ್ತೇವೆ. ಹಾಗೆ ಗೆದ್ದವರಿಗೆ ಆಳುವ ಅಧಿಕಾರ ಸಿಗುತ್ತದೆಯೇ ಹೊರತು, ಇಂಥ ಊರಿನ ಇಂಥ ಸರ್ವೆ ನಂಬರನ್ನು ಕೇಳದೆ ತೆಗೆದುಕೊಳ್ಳಿ ಎಂಬ ಒಪ್ಪಿಗೆ ಸಿಗುವುದಿಲ್ಲ.

ಈ ಎಲ್ಲೆಯನ್ನು ಗುರುತಿಸಿದ ದೊಡ್ಡ ಮೊಕದ್ದಮೆ ಹುಟ್ಟಿದ್ದು ಕಾಸರಗೋಡಿನ ಬಳಿಯ ಎಡನೀರು ಮಠದಲ್ಲಿ. ಕೇರಳದ ಭೂಸುಧಾರಣೆ ಕಾನೂನನ್ನು ಪ್ರಶ್ನಿಸಿ ಕೇಶವಾನಂದ ಭಾರತೀ ಸ್ವಾಮೀಜಿಯವರು ಹೋದ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ 13 ನ್ಯಾಯಮೂರ್ತಿಗಳ ಪೀಠವು 1973ರ ಏಪ್ರಿಲ್ 24ರಂದು, 7–6ರ ಬಹುಮತದಿಂದ, ಸಂಸತ್ತು ಸಂವಿಧಾನವನ್ನು ತಿದ್ದಬಹುದು, ಆದರೆ ಅದರ ಮೂಲ ಸ್ವರೂಪವನ್ನು ಕೆಡಿಸುವಂತಿಲ್ಲ ಎಂದಿತು. ಆದರೂ ಭೂಸುಧಾರಣೆಯನ್ನು ರಕ್ಷಿಸಿದ ತಿದ್ದುಪಡಿ ಉಳಿಯಿತು. ಅದು ಉಳಿದದ್ದು ಒಳ್ಳೆಯದೇ ಆಯಿತೆಂಬುದು ನನ್ನ ಖಚಿತ ಅಭಿಪ್ರಾಯ. ಆಸ್ತಿಯನ್ನು ಯಾರೂ ಮುಟ್ಟಲೇಬಾರದು ಎಂದಾಗಿದ್ದರೆ, ದೇವರಾಜ ಅರಸು ಅವರ ಕಾಲದ 1974ರ ತಿದ್ದುಪಡಿಯಿಂದ ಕರ್ನಾಟಕದ ಗೇಣಿದಾರರು ಉಳುತ್ತಿದ್ದ ಹೊಲಕ್ಕೆ ಒಡೆಯರಾಗುತ್ತಿರಲಿಲ್ಲ. ಸರ್ಕಾರಕ್ಕೆ ಅಧಿಕಾರ ಬೇಕು. ಆ ಅಧಿಕಾರ ಕಾರಣ ಹೇಳಬೇಕು.

2024ರ ನವೆಂಬರ್ 5ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠವೂ ಇದೇ ಜಾಡಿನಲ್ಲಿ ಸಾಗಿತು. ಖಾಸಗಿ ಆಸ್ತಿಯೆಲ್ಲವೂ, ಎಲ್ಲರ ಹಿತಕ್ಕಾಗಿ ಹಂಚಿಕೆಯಾಗಬೇಕೆಂದು ಸಂವಿಧಾನದ 39(ಬಿ) ವಿಧಿ ಹೇಳುವ ‘ಸಮುದಾಯದ ಭೌತಿಕ ಸಂಪನ್ಮೂಲ’ ಅಲ್ಲ, ಕೆಲವು ಆಗಬಹುದು, ಅದನ್ನು ಆಯಾ ಆಸ್ತಿಯ ಸ್ವರೂಪ ನೋಡಿ ನಿರ್ಧರಿಸಬೇಕು ಎಂದು ಬಹುಮತದ ತೀರ್ಪು ಹೇಳಿತು.

ಎರಡು ಚುನಾವಣೆಗಳ ನಡುವೆಯೂ ಜನರ ಮಾತಿಗೆ ಬೆಲೆಯಿದೆ. ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯ 1,777 ಎಕರೆ ಸ್ವಾಧೀನವನ್ನು ಕೈಬಿಡುವುದಾಗಿ ಮುಖ್ಯಮಂತ್ರಿಗಳು 2025ರ ಜುಲೈನಲ್ಲಿ ಪ್ರಕಟಿಸಿದ್ದು, ಅಲ್ಲಿನ ರೈತರು ಮೂರು ವರ್ಷಕ್ಕೂ ಮೀರಿ ಪಟ್ಟುಬಿಡದೆ ಧರಣಿ ಕುಳಿತದ್ದರಿಂದ.

ಪ್ರಶ್ನೆ: ಮತ ಹಾಕುವ ಮೊದಲು ಈ ವಿಷಯದಲ್ಲಿ ನಾನು ಏನನ್ನು ತಿಳಿದಿರಬೇಕು?
— ಶಿಕ್ಷಕಿ, ತುಮಕೂರು

ಉತ್ತರ: ಅಭ್ಯರ್ಥಿಯ ಪ್ರಮಾಣಪತ್ರವನ್ನು (ಅಫಿಡವಿಟ್) ಓದಿ. 2002 ಮತ್ತು 2003ರ ಸುಪ್ರೀಂ ಕೋರ್ಟ್ ತೀರ್ಪುಗಳಿಂದ ಮತದಾರರಿಗೆ ದಕ್ಕಿದ ಹಕ್ಕು ಇದು. ನಾಮಪತ್ರದ ಜೊತೆಗಿನ ನಮೂನೆ 26ರಲ್ಲಿ ಎಲ್ಲರೂ ನೋಡುವುದು ಕೋಟಿಗಳ ಮೊತ್ತವನ್ನು. ನೀವು ಕೃಷಿ ಜಮೀನಿನ ಕಾಲಂ ನೋಡಿ: ಜಮೀನು ಇರುವ ಸ್ಥಳ, ಸರ್ವೆ ನಂಬರ್, ವಿಸ್ತೀರ್ಣ, ಪಿತ್ರಾರ್ಜಿತವೋ ಅಲ್ಲವೋ, ಕೊಂಡ ದಿನಾಂಕ, ಕೊಂಡಾಗಿನ ಬೆಲೆ, ಈಗಿನ ಅಂದಾಜು ಬೆಲೆ, ಪತಿ ಅಥವಾ ಪತ್ನಿ ಮತ್ತು ಅವಲಂಬಿತರ ಹೆಸರಿನಲ್ಲಿರುವುದೂ ಸೇರಿ, ಅಲ್ಲಿರುತ್ತದೆ. ಚುನಾವಣಾ ಆಯೋಗದ ಜಾಲತಾಣದಲ್ಲಿ ಅದು ಉಚಿತವಾಗಿ ಸಿಗುತ್ತದೆ. ಹೊಸ ರಸ್ತೆಯೋ ಕೈಗಾರಿಕಾ ಪ್ರದೇಶವೋ ಬರಲಿರುವ ಊರುಗಳ ಹೆಸರನ್ನೂ ಜಮೀನು ಕೊಂಡ ದಿನಾಂಕವನ್ನೂ ಅಕ್ಕಪಕ್ಕ ಇಟ್ಟು ನೋಡಿದರೆ, ಮತ ಕೇಳಲು ಬಂದವರಿಗೆ ಯಾವ ಪ್ರಶ್ನೆ ಕೇಳಬೇಕೆಂಬುದು ತಾನಾಗಿ ತಿಳಿಯುತ್ತದೆ. ಸುಳ್ಳು ವಿವರ ಕೊಟ್ಟರೆ ಪ್ರಜಾಪ್ರತಿನಿಧಿ ಕಾಯ್ದೆಯ 125ಎ ಕಲಮಿನಡಿ ಆರು ತಿಂಗಳವರೆಗೆ ಸೆರೆವಾಸ ಅಥವಾ ದಂಡ ವಿಧಿಸಲು ಅವಕಾಶವಿದೆ.

ಯೋಜನೆಯ ಕಡತ ಬೇಕಿದ್ದರೆ ಮಾಹಿತಿ ಹಕ್ಕು ಕಾಯ್ದೆಯಡಿ 10 ರೂಪಾಯಿ ಶುಲ್ಕದೊಂದಿಗೆ ಅರ್ಜಿ ಹಾಕಿ. 30 ದಿನಗಳೊಳಗೆ ಉತ್ತರ ಬರಬೇಕು. ಕರ್ನಾಟಕದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, ಸಾಮಾನ್ಯವಾಗಿ 150 ಪದಗಳ ಮಿತಿ ಎಂಬ ನಿಯಮವಿರುವುದರಿಂದ ಅಧಿಸೂಚನೆಯ ಪ್ರತಿಗೆ ಒಂದು ಅರ್ಜಿ, ಜಮೀನು ಹಂಚಿಕೆಯ ವಿವರಕ್ಕೆ ಇನ್ನೊಂದು ಎಂದು ಬೇರೆಬೇರೆಯಾಗಿ ಬರೆಯಿರಿ.