ಸೋಲಾರ್ ವಾಟರ್ ಹೀಟರ್: ಎರಡು ಪ್ಯಾನೆಲ್ ಸಾಕೇ, ಮೂರು ಬೇಕೇ?

ಪ್ರಶ್ನೆ: ನಮ್ಮ ಮನೆಯಲ್ಲಿ ಆರು ಜನ ಇದ್ದೇವೆ. ಸೋಲಾರ್ ವಾಟರ್ ಹೀಟರ್ ಹಾಕಿಸಬೇಕೆಂದಿದ್ದೇವೆ. ಎರಡು ಪ್ಯಾನೆಲ್ ಧಾರಾಳ ಎಂದು ಒಬ್ಬರು ಹೇಳಿದರೆ, ಮೂರು ಇಲ್ಲದಿದ್ದರೆ ಚಳಿಗಾಲದಲ್ಲಿ ನೀರು ಕಾಯುವುದೇ ಇಲ್ಲ ಎಂದು ಇನ್ನೊಬ್ಬರು ಹೇಳುತ್ತಾರೆ. ನಾವೇ ಲೆಕ್ಕ ಹಾಕಿ ನೋಡಲು ಆಗುತ್ತದೆಯೇ?

ಉತ್ತರ: ಖಂಡಿತ ಆಗುತ್ತದೆ, ಗುಣಾಕಾರ ಭಾಗಾಕಾರ ಬಂದರೆ ಸಾಕು. ಆದರೆ ಲೆಕ್ಕವನ್ನು ಜನರ ಸಂಖ್ಯೆಯಿಂದಾಗಲೀ ಚಾವಣಿಯ ಅಳತೆಯಿಂದಾಗಲೀ ಶುರುಮಾಡಬೇಡಿ. ದಿನಕ್ಕೆ ಎಷ್ಟು ಲೀಟರ್ ಬಿಸಿನೀರು ಖರ್ಚಾಗುತ್ತದೆ, ಅದು ಎಷ್ಟು ಡಿಗ್ರಿ ಏರಬೇಕು ಎಂಬುದರಿಂದ ಶುರುಮಾಡಿ.

ಸ್ನಾನದ ನೀರು ಸುಮಾರು 40 ಡಿಗ್ರಿ ಇದ್ದರೆ ಮೈಗೆ ಹಿತ. ಟ್ಯಾಂಕಿನಲ್ಲಿ 60 ಡಿಗ್ರಿಯ ನೀರಿದ್ದು, ನಲ್ಲಿಯ ತಣ್ಣೀರು 20 ಡಿಗ್ರಿ ಇದ್ದರೆ ಎರಡನ್ನೂ ಅರ್ಧರ್ಧ ಬೆರೆಸಬೇಕು. ಬಕೆಟ್ ಸ್ನಾನಕ್ಕೆ ಒಬ್ಬರಿಗೆ 40 ಲೀಟರ್ ಎಂದುಕೊಂಡರೂ ಅದರಲ್ಲಿ ಟ್ಯಾಂಕಿನಿಂದ ಬರುವುದು 20 ಲೀಟರ್ ಮಾತ್ರ. ಆರು ಜನರಿಗೆ 120, ಅಡುಗೆಮನೆಗೆ ಇನ್ನು 30 ಸೇರಿಸಿದರೆ 150 ಲೀಟರ್. ಶವರ್ ಬಳಸುವವರು ಮಾತ್ರ ಇಲ್ಲಿ ಎಚ್ಚರ ವಹಿಸಬೇಕು. ನಿಮಿಷಕ್ಕೆ 8 ಲೀಟರ್ ಬಿಡುವ ಶವರ್ ಕೆಳಗೆ ಹತ್ತು ನಿಮಿಷ ನಿಂತರೆ 80 ಲೀಟರ್ ಹೋಯಿತು, ಅಂದರೆ ಬಕೆಟ್ ಸ್ನಾನದ ಎರಡು ಪಟ್ಟು.

ಈಗ ಸೂತ್ರ. ಲೀಟರನ್ನು ಏರಬೇಕಾದ ಡಿಗ್ರಿಯಿಂದ ಗುಣಿಸಿ, 860ರಿಂದ ಭಾಗಿಸಿ; ಬೇಕಾದ ಶಾಖ ಯೂನಿಟ್‌ಗಳಲ್ಲಿ, ಅಂದರೆ ವಿದ್ಯುತ್ ಬಿಲ್ಲಿನಲ್ಲಿರುವ ಅದೇ ಕಿಲೋವ್ಯಾಟ್ ಗಂಟೆಯಲ್ಲಿ ಸಿಗುತ್ತದೆ. ನಿಮ್ಮ ಲೆಕ್ಕದಲ್ಲಿ 150 × 40 ÷ 860, ಹತ್ತಿರ ಹತ್ತಿರ 7 ಯೂನಿಟ್. ರಾತ್ರಿ ಟ್ಯಾಂಕ್ ಆರುವುದಕ್ಕೆ, ಪೈಪಿನಲ್ಲಿ ಸೋರಿಹೋಗುವ ಶಾಖಕ್ಕೆ ಒಂದು ಯೂನಿಟ್ ಸೇರಿಸಿ, 8 ಎಂದಿಟ್ಟುಕೊಳ್ಳಿ.

ತಣ್ಣೀರಿನ 20 ಡಿಗ್ರಿಯನ್ನು ನಾನು ಉದಾಹರಣೆಗೆ ತೆಗೆದುಕೊಂಡಿದ್ದೇನೆ. ನೀವು ವರ್ಷದ ಅತಿ ಚಳಿಯ ತಿಂಗಳಲ್ಲಿ ಬೆಳಗ್ಗೆ ನಲ್ಲಿಯ ನೀರಿಗೆ ಥರ್ಮಾಮೀಟರ್ ಹಿಡಿದು ನೋಡಿ. 12 ಡಿಗ್ರಿ ತೋರಿಸಿದರೆ ಏರಿಕೆ 48 ಆಗುತ್ತದೆ. ಅಷ್ಟೇ ಅಲ್ಲ, ಬೆರೆಸುವಾಗಲೂ ಬಿಸಿನೀರಿನ ಪಾಲು ಅರ್ಧಕ್ಕಿಂತ ಹೆಚ್ಚು ಬೇಕಾಗುತ್ತದೆ.

ಇನ್ನು ಬಿಸಿಲು. ಸರಿಯಾದ ಓರೆಯಲ್ಲಿ ಕೂರಿಸಿದ ಒಂದು ಚದರ ಮೀಟರ್ ಮೇಲೆ ಆ ತಿಂಗಳಲ್ಲಿ ದಿನಕ್ಕೆ 4.5 ಯೂನಿಟ್ ಬಿಸಿಲು ಬೀಳುತ್ತದೆ ಎಂದುಕೊಳ್ಳೋಣ. ಫ್ಲಾಟ್ ಪ್ಲೇಟ್ ಪ್ಯಾನೆಲ್ ಅದರಲ್ಲಿ ಅರ್ಧದಷ್ಟನ್ನು ನೀರಿಗೆ ಮುಟ್ಟಿಸುತ್ತದೆ, ಅಂದರೆ 2.25. ಎಂಟನ್ನು ಅದರಿಂದ ಭಾಗಿಸಿದರೆ 3.6 ಚದರ ಮೀಟರ್. ತಲಾ 2 ಚದರ ಮೀಟರಿನ ಎರಡು ಪ್ಯಾನೆಲ್ ಸಾಕು. ನಿಮ್ಮ ಕಡೆ ಚಳಿಗಾಲದ ಬಿಸಿಲು 3.5 ಯೂನಿಟ್ ಮಾತ್ರ ಎಂದಾದರೆ ಲೆಕ್ಕ 4.6ಕ್ಕೆ ಹೋಗುತ್ತದೆ. ಮೂರು ಬೇಕು ಎಂದವರೂ ಹಾಗಾಗಿ ಪೂರ್ತಿ ತಪ್ಪು ಹೇಳಿಲ್ಲ.

ಆದರೂ ಮೂರನೆಯದನ್ನು ಹಾಕಿಸಿ ಎಂದು ನಾನು ಹೇಳುವುದಿಲ್ಲ. ನೀರು ಬಿಸಿಯಾದಷ್ಟೂ ಪ್ಯಾನೆಲ್ ತನ್ನ ಶಾಖವನ್ನು ಗಾಳಿಗೆ ಹೆಚ್ಚು ಬಿಟ್ಟುಕೊಡುತ್ತದೆ. ಚೆನ್ನಾದ ಬಿಸಿಲಿನಲ್ಲಿ, ಒಳಗಿನ ನೀರು ಹೊರಗಿನ ಗಾಳಿಗಿಂತ 25 ಡಿಗ್ರಿ ಬಿಸಿಯಿದ್ದಾಗ, ಸಾಮಾನ್ಯ ಪ್ಯಾನೆಲ್ ಸುಮಾರು ಶೇ 60ರಷ್ಟು ಶಾಖ ಹಿಡಿಯುತ್ತದೆ. ಮೋಡ ಕವಿದು ಬಿಸಿಲು ಅರ್ಧಕ್ಕಿಳಿದು, ಆ ವ್ಯತ್ಯಾಸ 40 ಡಿಗ್ರಿ ಆಯಿತೆನ್ನಿ, ಅದೇ ಪ್ಯಾನೆಲ್ ಶೇ 35ರ ಆಸುಪಾಸಿಗೆ ಬಂದುಬಿಡುತ್ತದೆ. ನಿಮಗೆ ಮೂರನೆಯ ಪ್ಯಾನೆಲ್ ಬೇಕೆನಿಸುವುದು ಇಂಥ ದಿನವೇ, ಅದು ಕೈಕೊಡುವುದೂ ಇಂಥ ದಿನವೇ. ಬೇಸಿಗೆಯಲ್ಲಂತೂ ಟ್ಯಾಂಕ್ ಕುದಿಯತೊಡಗಿ, ಗಾಳಿಕೊಳವೆಯಿಂದ ಆವಿ ಹೊರಬಿದ್ದು, ಗಡಸು ನೀರಾದರೆ ತಾಮ್ರದ ಕೊಳವೆಗಳಲ್ಲಿ ಸುಣ್ಣ ಕಟ್ಟುತ್ತದೆ. ಮೋಡದ ದಿನಗಳಿಗೆ ಟ್ಯಾಂಕಿನಲ್ಲೇ 2 ಕಿಲೋವ್ಯಾಟ್‌ನ ವಿದ್ಯುತ್ ಕಾಯಿಲ್ ಇರಲಿ. ಪ್ಯಾನೆಲ್ ಸಾಧಾರಣ ಚಳಿಗಾಲದ ದಿನಕ್ಕೆ ಸಾಕಾಗುವಷ್ಟಿದ್ದರೆ ಆಯಿತು.

ಕೊಳ್ಳುವಾಗ ಶಾಖ ಹೀರುವ ಹಾಳೆಯ ಅಳತೆ ಕೇಳಿ. ಚೌಕಟ್ಟು ಸೇರಿಸಿ ಹೇಳುವ ಅಳತೆ ಲೆಕ್ಕಕ್ಕೆ ಬಾರದು. ಗಾಜಿನ ಕೊಳವೆಯ ಮಾದರಿಯಲ್ಲೂ ಅಷ್ಟೇ, ಒಂದೊಂದು ಕೊಳವೆಯ ಹೀರುವ ಭಾಗ ಎಷ್ಟೆಂದು ಕೇಳಿ ಕೂಡಿಸಿ.

ಪ್ರಶ್ನೆ: 2 ಚದರ ಮೀಟರ್ ಪ್ಯಾನೆಲ್ಲಿಗೆ 100 ಲೀಟರ್ ಟ್ಯಾಂಕ್ ಇತ್ತು, ನೀರು ಚೆನ್ನಾಗಿ ಕಾಯುತ್ತಿತ್ತು. 300 ಲೀಟರಿನ ಟ್ಯಾಂಕ್ ಹಾಕಿಸಿದ ಮೇಲೆ ಬರೀ ಉಗುರುಬೆಚ್ಚಗೆ ಬರುತ್ತಿದೆ. ಪ್ಯಾನೆಲ್ ಕೆಟ್ಟಿದೆಯೇ?

ಉತ್ತರ: ಪ್ಯಾನೆಲ್ ಸರಿಯಾಗಿಯೇ ಇರಬೇಕು. 5 ಯೂನಿಟ್ ಬಿಸಿಲಿನ ದಿನ ಅದು ನೀರಿಗೆ ಕೊಡುವುದು ಸುಮಾರು 5 ಯೂನಿಟ್ ಶಾಖ. 100 ಲೀಟರಿಗೆ ಅದು 43 ಡಿಗ್ರಿಯ ಏರಿಕೆ, 300 ಲೀಟರಿಗೆ ಬರೀ 14 ಡಿಗ್ರಿ. 20 ಡಿಗ್ರಿಯ ನೀರು 34ಕ್ಕೆ ನಿಂತುಬಿಡುತ್ತದೆ. ಒಂದು ಚದರ ಮೀಟರಿಗೆ 50ರಿಂದ 75 ಲೀಟರ್ ಎಂಬ ಅಳತೆ ಮೀರಬಾರದು. ನಿಮ್ಮ ಟ್ಯಾಂಕಿಗೆ ಇನ್ನೂ ಕನಿಷ್ಠ 2 ಚದರ ಮೀಟರ್ ಪ್ಯಾನೆಲ್ ಸೇರಬೇಕು. ಸೇರಿಸುವ ಮುನ್ನ ಬೆಳಗ್ಗೆ 9ರಿಂದ ಮಧ್ಯಾಹ್ನ 3ರವರೆಗೆ ಆ ಜಾಗಕ್ಕೆ ಮರದ್ದೋ ಗೋಡೆಯದ್ದೋ ನೆರಳು ಬೀಳುತ್ತದೆಯೇ ಎಂದು ಚಳಿಗಾಲದಲ್ಲೇ ನೋಡಿ, ಆಗ ಸೂರ್ಯ ತಗ್ಗಿನಲ್ಲಿ ಸಾಗುವುದರಿಂದ ನೆರಳು ಉದ್ದ. ಹಳೆಯ ಪ್ಯಾನೆಲ್ ಇರುವ ದಿಕ್ಕಿಗೇ, ಅಷ್ಟೇ ಓರೆಯಲ್ಲಿ ಹೊಸದನ್ನೂ ಕೂರಿಸಿ.