ಶಂಕರ್‌ನಾಗ್ ಬಗ್ಗೆ ನೀವು ಕಳಿಸಿದ ಲೇಖನ: ಯಾಕೆ ಹಾಕುತ್ತಿಲ್ಲ ಅಂದರೆ

ನಮಸ್ಕಾರ,

ಲೇಖನ ತಲುಪಿದೆ. ಪೂರ್ತಿ ಓದಿದೆ. ಸುತ್ತಿಬಳಸಿ ಹೇಳುವುದು ಬೇಡ, ಈಗ ಇರುವ ರೂಪದಲ್ಲಿ ಇದನ್ನು ಹಾಕುವುದಿಲ್ಲ. ಆದರೆ ‘ನಿಮ್ಮ ಬರಹವನ್ನು ಸ್ವೀಕರಿಸಲಾಗುತ್ತಿಲ್ಲ, ವಿಷಾದಿಸುತ್ತೇವೆ’ ಅಂತ ಎರಡು ಸಾಲು ಬರೆದು ಕೈತೊಳೆದುಕೊಳ್ಳಲೂ ಮನಸ್ಸಾಗಲಿಲ್ಲ. ಯಾಕೆಂದರೆ ನಿಮ್ಮ ಏಳನೇ ಪುಟದಲ್ಲಿ ಒಂದು ಒಳ್ಳೆಯ ಪ್ಯಾರಾ ಇದೆ. ಅದರ ವಿಷಯಕ್ಕೆ ಆಮೇಲೆ ಬರುತ್ತೇನೆ.

ಪ್ರತಿ ವರ್ಷ ಸೆಪ್ಟೆಂಬರ್ ಕೊನೆಗೆ ಒಂದು ಸಲ, ನವೆಂಬರ್ ಮೊದಲ ವಾರ ಇನ್ನೊಂದು ಸಲ ನಮ್ಮ ಇಮೇಲ್ ತುಂಬ ಶಂಕರ್‌ನಾಗ್. ಒಂದು ಅವರು ತೀರಿಕೊಂಡ ದಿನ, ಇನ್ನೊಂದು ಹುಟ್ಟಿದ ದಿನ. ಬರುವ ಲೇಖನಗಳಲ್ಲಿ ಬರೆದವರ ಹೆಸರು ಮುಚ್ಚಿಟ್ಟರೆ ಯಾವುದು ಯಾರದ್ದು ಅಂತ ಹೇಳುವುದೇ ಕಷ್ಟ. ಆನಗೋಡಿನ ಅಪಘಾತ, ಆಟೊ ಹಿಂದಿನ ಫೋಟೊ, ಬೆಂಗಳೂರಿಗೆ ಮೆಟ್ರೊ ಬರಬೇಕೆಂಬ ಕನಸು, ನಂದಿಬೆಟ್ಟದ ರೋಪ್‌ವೇ, ಮಾಲ್ಗುಡಿಯ ಹಾಡು. ಕೊನೆಯಲ್ಲಿ ‘ಅವರು ಬದುಕಿದ್ದಿದ್ದರೆ...’ ಅಂತ ಮೂರು ಚುಕ್ಕಿ. ನಿಮ್ಮಲ್ಲಿ ಇಷ್ಟೂ ಇವೆ, ಇದೇ ಕ್ರಮದಲ್ಲಿ ಇವೆ. ಓದುಗರಿಗೆ ಇದೆಲ್ಲ ಬಾಯಿಪಾಠ. ಗೊತ್ತಿದ್ದದ್ದನ್ನೇ ಮತ್ತೆ ಓದುವುದರಲ್ಲೂ ಒಂದು ಖುಷಿ ಇದೆ, ಇಲ್ಲ ಅನ್ನುವುದಿಲ್ಲ. ಆದರೆ ಆ ಖುಷಿ ಕೊಡುವುದಕ್ಕೆ ವಾಟ್ಸಾಪ್ ಇದೆ, ನಮ್ಮ ಪತ್ರಿಕೆ ಯಾಕೆ ಬೇಕು?

ಮೊದಲ ಪ್ಯಾರಾ ನೋಡೋಣ. 1990ರ ಸೆಪ್ಟೆಂಬರ್ 30, ಕತ್ತಲು, ಹೆದ್ದಾರಿ, ‘ವಿಧಿ ಹೊಂಚು ಹಾಕಿ ಕುಳಿತಿತ್ತು’. ಇಲ್ಲಿಂದ ಶುರು ಮಾಡಿದಿರಿ ಅಂದರೆ ಮುಗಿಯಿತು. ಮುಂದೆ ಅವರು ನಕ್ಕರೂ ಅದು ಸಾವಿನ ಮುನ್ಸೂಚನೆ, ಅವಸರದಿಂದ ಕೆಲಸ ಮಾಡಿದರೂ ಅದು ಮುನ್ಸೂಚನೆ. ನೀವಂತೂ ಅವರು ನಿರ್ದೇಶಿಸಿದ ‘ಆಕ್ಸಿಡೆಂಟ್’ ಚಿತ್ರದ ಹೆಸರನ್ನೂ ಬಿಟ್ಟಿಲ್ಲ, ಅದನ್ನೂ ಶಕುನ ಮಾಡಿದ್ದೀರಿ. ಇದು ಅಗ್ಗದ ಮಾತು, ಮೊದಲು ತೆಗೆಯಿರಿ. ಆ ಚಿತ್ರ ಇರುವುದು ಫುಟ್‌ಪಾತಿನಲ್ಲಿ ಮಲಗಿದ್ದವರ ಮೇಲೆ ಕಾರು ಹತ್ತಿಸುವ ರಾಜಕಾರಣಿಯ ಮಗನ ಬಗ್ಗೆ, ಆ ಪ್ರಕರಣವನ್ನು ಮುಚ್ಚಿಹಾಕುವವರ ಬಗ್ಗೆ. ಬೆನ್ನು ಹತ್ತುವ ಪತ್ರಕರ್ತನ ಪಾತ್ರವನ್ನು ಶಂಕರ್ ಅವರೇ ಮಾಡಿದ್ದಾರೆ. ರಾಜಕಾರಣಿಯಾಗಿ ಅಣ್ಣ ಅನಂತ್‌ನಾಗ್. ಇಷ್ಟೆಲ್ಲ ಇಟ್ಟುಕೊಂಡು ನೀವು ಹೆಸರಿಗೆ ಮಾತ್ರ ಜೋತುಬಿದ್ದಿರಿ. ಸಾವಿಗೆ ಒಂದು ವಾಕ್ಯ ಸಾಕು. 36 ತುಂಬುವ ಮೊದಲೇ ಹೋದರು ಅಂತ ಹೇಳಿ, ಎಲ್ಲಿ ಬೇಕೋ ಅಲ್ಲಿ ಹೇಳಿ. ಶುರುವಿನಲ್ಲಿ ಮಾತ್ರ ಬೇಡ.

ಈಗ ನನ್ನ ದೊಡ್ಡ ತಕರಾರು. ನಿಮ್ಮ ಲೇಖನದಲ್ಲಿ ನಟ ಎಲ್ಲಿ?

‘ಅದ್ಭುತ ನಟ’, ‘ಮೇರು ನಟ’, ‘ನಟನೆಯನ್ನೇ ಉಸಿರಾಡಿದ ನಟ’ ಅಂತೆಲ್ಲ ಬರೆದಿದ್ದೀರಿ. ಆದರೆ ಆ ಮನುಷ್ಯ ಕ್ಯಾಮೆರಾ ಮುಂದೆ ಹೇಗೆ ನಿಲ್ಲುತ್ತಿದ್ದರು, ಹೇಗೆ ನಡೆಯುತ್ತಿದ್ದರು, ಮಾತು ಎಲ್ಲಿ ನಿಲ್ಲಿಸುತ್ತಿದ್ದರು, ಒಂದು ದೃಶ್ಯವಾದರೂ ಇದೆಯಾ? ನಾನು ಹುಡುಕಿದೆ, ಇಲ್ಲ. ಹೆಸರು ತೆಗೆದು ಬೇರೆ ಯಾವ ನಟನ ಹೆಸರು ಹಾಕಿದರೂ ನಿಮ್ಮ ಆ ಎರಡು ಪುಟ ಹಾಗೇ ನಡೆಯುತ್ತವೆ.

ಒಂದು ಕೆಲಸ ಮಾಡಿ. ‘ಒಂದಾನೊಂದು ಕಾಲದಲ್ಲಿ’ ಹಾಕಿಕೊಂಡು ಕೂತು ನೋಡಿ, ನೋಟ್ಸ್ ಮಾಡಿಕೊಳ್ಳಿ. 1978ರ ಚಿತ್ರ. ಗಿರೀಶ್ ಕಾರ್ನಾಡ್ ನಿರ್ದೇಶನ. (ನೀವು ಶಂಕರ್ ಅವರೇ ನಿರ್ದೇಶಿಸಿದ್ದು ಅಂತ ಬರೆದಿದ್ದೀರಿ, ತಪ್ಪು. ಅವರು ನಿರ್ದೇಶಕರಾಗಿದ್ದು 1980ರ ‘ಮಿಂಚಿನ ಓಟ’ದಿಂದ.) ಕೂಲಿಗೆ ಕತ್ತಿ ಹಿಡಿಯುವ ಗಂಡುಗಲಿ ಅನ್ನುವ ಯೋಧನ ಪಾತ್ರ. ಎದುರಿಗೆ ಸುಂದರಕೃಷ್ಣ ಅರಸ್ ಅವರ ಪೆರ್ಮಾಡಿ, ವಯಸ್ಸಿನಲ್ಲೂ ಅನುಭವದಲ್ಲೂ ಹಿರಿಯ, ಮೊದಲು ಶತ್ರು, ಮುಂದೆ ಜೊತೆಗಾರ. ಇಬ್ಬರೂ ಒಂದೇ ಫ್ರೇಮಿನಲ್ಲಿ ಇರುವಾಗ ಗಮನಿಸಿ. ಯಾರು ಮೊದಲು ಕದಲುತ್ತಾರೆ, ಯಾರು ಸುಮ್ಮನೆ ನಿಂತು ಕಾಯುತ್ತಾರೆ, ಯಾರ ಕಣ್ಣು ಎಲ್ಲಿದೆ. ಗಂಡುಗಲಿಯ ಪಾತ್ರಕ್ಕೆ ಶಂಕರ್ ಅವರಿಗೆ 1979ರಲ್ಲಿ ದೆಹಲಿಯ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಕನ್ನಡದಲ್ಲಿ ನಾಯಕನಾಗಿ ಮೊದಲ ಚಿತ್ರ! ನೀವು ಪ್ರಶಸ್ತಿಯನ್ನು ಪಟ್ಟಿಯಲ್ಲಿ ಹಾಕಿದ್ದೀರಿ, ಯಾವುದಕ್ಕೆ ಕೊಟ್ಟರು ಅಂತ ನೋಡಿಲ್ಲ.

ಅದು ಮುಗಿದ ಮೇಲೆ ‘ಆಟೋ ರಾಜ’ ನೋಡಿ. ಅದೇ ಮನುಷ್ಯ, ನಡುವೆ ಬಹಳ ವರ್ಷವೇನೂ ಆಗಿಲ್ಲ. ಆದರೆ ಮೈ ಬೇರೆ, ಮಾತು ಬೇರೆ, ಕ್ಯಾಮೆರಾ ಅವರನ್ನು ನೋಡುವ ರೀತಿಯೇ ಬೇರೆ. ಈ ಬದಲಾವಣೆ ಹೇಗಾಯಿತು, ಅದರಲ್ಲಿ ಏನು ಸಿಕ್ಕಿತು, ಏನು ಹೋಯಿತು ಅಂತ ಬರೆದರೆ ಅದು ಲೇಖನ. ಮತ್ತೆ ‘ನಟಿಸಿದ ಎಲ್ಲ ಚಿತ್ರಗಳೂ ಸೂಪರ್‌ಹಿಟ್’ ಅನ್ನುವ ಸಾಲು ದಯವಿಟ್ಟು ತೆಗೆಯಿರಿ. ಹನ್ನೆರಡು ವರ್ಷದಲ್ಲಿ ಅಷ್ಟೊಂದು ಚಿತ್ರ ಮಾಡಿದವರ ಎಲ್ಲ ಚಿತ್ರ ಚೆನ್ನಾಗಿರಲು ಸಾಧ್ಯವೇ ಇಲ್ಲ, ಇರಲೂ ಇಲ್ಲ. ಕರಾಟೆ ಕಿಂಗ್ ಅಂತ ಕರೆಸಿಕೊಂಡ ಕಾಲದ ಕೆಲವು ಚಿತ್ರಗಳಲ್ಲಿ ಅವರು ಬಂದು, ಹೊಡೆದು, ಹೋಗುತ್ತಾರೆ ಅಷ್ಟೆ. ಹಾಗಂತ ಬರೆದರೆ ಅಭಿಮಾನಿಗಳು ಬಯ್ಯುತ್ತಾರೆ ಅಂತ ಹೆದರಿಕೆಯಾ? ಬಯ್ಯಲಿ ಬಿಡಿ, ಬೈಗುಳ ನನ್ನ ಇಮೇಲಿಗೇ ಬರುತ್ತದೆ. ಒಂದು ಕಡೆ ಬಿಡುವಿಲ್ಲದ ಹೀರೊ ದುಡಿಮೆ, ಇನ್ನೊಂದು ಕಡೆ ನಾಟಕ ಮತ್ತು ತಮ್ಮದೇ ಚಿತ್ರಗಳು. ಒಂದೇ ದಿನದ ಅದೇ ಗಂಟೆಗಳಲ್ಲಿ ಎರಡೂ ಹೇಗೆ ನಡೆಯುತ್ತಿದ್ದವು ಅಂತ ಕೇಳಿಕೊಳ್ಳಿ. ನನಗೆ ಓದಬೇಕಿರುವುದು ಅದು.

ನಾಟಕ ಅಂದೆನಲ್ಲ, ಅಲ್ಲಿ ನಿಮ್ಮ ಮೇಲೆ ನಿಜವಾಗಿಯೂ ಸಿಟ್ಟು ಬಂತು. ಹತ್ತು ಪುಟದಲ್ಲಿ ರಂಗಭೂಮಿಗೆ ಒಂದೇ ಸಾಲು, ‘ರಂಗಭೂಮಿಗೂ ಅಪಾರ ಸೇವೆ ಸಲ್ಲಿಸಿದ್ದಾರೆ’. ಸೇವೆ ಏನ್ರೀ, ಅವರು ಬಂದದ್ದೇ ಅಲ್ಲಿಂದ. ಹೊನ್ನಾವರದ ಕಡೆ ಹುಟ್ಟಿ, ಮನೆಯಲ್ಲಿ ಕೊಂಕಣಿ ಮಾತಾಡಿಕೊಂಡು, ಮುಂಬಯಿಯಲ್ಲಿ ಬೆಳೆದು, ಮರಾಠಿ ರಂಗಭೂಮಿಯಲ್ಲಿ ಪಳಗಿದ ಹುಡುಗ ಅವರು. ಪುಣೆಯ ಚಾಪೇಕರ್ ಸಹೋದರರ ಕಥೆ ಹೇಳುವ, 1979ರ ಮರಾಠಿ ಚಿತ್ರ ‘22 ಜೂನ್ 1897’ರ ಚಿತ್ರಕಥೆಯಲ್ಲೂ ಅವರ ಕೈ ಇದೆ. ಮುಂದೆ ಪತ್ನಿಯಾದ ಅರುಂಧತಿಯವರ ಪರಿಚಯ ಆಗಿದ್ದೂ ನಾಟಕದಿಂದಲೇ. ಬೆಂಗಳೂರಿಗೆ ಬಂದು ‘ಸಂಕೇತ್’ ತಂಡ ಕಟ್ಟಿಕೊಂಡು ‘ಅಂಜುಮಲ್ಲಿಗೆ’, ‘ಬ್ಯಾರಿಸ್ಟರ್’, ‘ಸಂಧ್ಯಾಛಾಯಾ’, ‘ನೋಡಿ ಸ್ವಾಮಿ ನಾವಿರೋದು ಹೀಗೆ’, ‘ನಾಗಮಂಡಲ’ ಎಲ್ಲ ಆಡಿಸಿದರು. ಇದರಲ್ಲಿ ‘ಬ್ಯಾರಿಸ್ಟರ್’, ‘ಸಂಧ್ಯಾಛಾಯಾ’ ಎರಡೂ ಜಯವಂತ ದಳವಿಯವರ ಮರಾಠಿ ನಾಟಕಗಳು. ಮುಂಬಯಿಯಲ್ಲಿ ಪಡೆದದ್ದನ್ನು ಕನ್ನಡಕ್ಕೆ ಹೊತ್ತು ತಂದ ದಾರಿ ಇಲ್ಲೇ ಕಣ್ಣಿಗೆ ಕಾಣುತ್ತಿದೆ, ಅಲ್ವಾ? ನೀವು ಅದರ ಮೇಲೆ ಕಾಲಿಟ್ಟೂ ನೋಡದೆ ದಾಟಿ ಹೋಗಿದ್ದೀರಿ.

‘ನೋಡಿ ಸ್ವಾಮಿ’ಯನ್ನೇ ತೆಗೆದುಕೊಳ್ಳಿ. ನಾಟಕವಾಗಿ ಆಡಿದ್ದು 1983ರಲ್ಲಿ ಸಿನಿಮಾ ಆಯಿತು. ರಂಗದ ಮೇಲೆ ಜನ ನಗುವಷ್ಟು ಹೊತ್ತು ನಟ ತಡೆದು ನಿಲ್ಲಬೇಕು, ಮುಂದಿನ ಮಾತನ್ನು ಆ ನಗೆಯ ಬಾಲಕ್ಕೆ ಸರಿಯಾಗಿ ಕಟ್ಟಬೇಕು. ಸಿನಿಮಾದಲ್ಲಿ ಆ ನಗೆ ಕೇಳಿಸುವುದೇ ಇಲ್ಲ, ಅಂದಾಜಿನ ಮೇಲೆ ಬಿಡುವು ಕೊಡಬೇಕು. ಈ ಕಣ್ಣಿಟ್ಟುಕೊಂಡು ಆ ಚಿತ್ರ ನೋಡಿ. ರಂಗದ ಪ್ರಯೋಗ ನೋಡಿದವರು ಇನ್ನೂ ಇದ್ದಾರೆ, ಬೆಂಗಳೂರಿನ ಯಾವ ಹವ್ಯಾಸಿ ತಂಡದ ಹಿರಿಯರನ್ನು ಕೇಳಿದರೂ ಒಬ್ಬರಲ್ಲ ಒಬ್ಬರು ಸಿಗುತ್ತಾರೆ. ಹೋಗಿ ಮಾತಾಡಿಸಿ. ನಿಮ್ಮ ಲೇಖನದಲ್ಲಿ ಶಂಕರ್ ಅವರನ್ನು ಕಣ್ಣಾರೆ ಕಂಡ, ಜೊತೆಗೆ ಕೆಲಸ ಮಾಡಿದ ಒಬ್ಬರ ಮಾತೂ ಇಲ್ಲ. ಎಲ್ಲ ಮೊಬೈಲಿನಲ್ಲಿ ಸಿಕ್ಕಿದ್ದು.

ನಿಮಗೊಂದು ದಾರ ಕೊಡುತ್ತೇನೆ, ಬೇಕಿದ್ದರೆ ಹಿಡಿಯಿರಿ. ನಾಟಕ, ಸಿನಿಮಾ, ಟಿವಿ ಅಂತ ಮೂರು ಖಾನೆ ಮಾಡಿ ಮೂರರಲ್ಲೂ ‘ಸಾಧನೆ’ ತುಂಬಿಸಿದ್ದೀರಿ. ಸ್ಕೂಲಿನ ಪ್ರಬಂಧ ಹಾಗಿರುತ್ತದೆ. ಬದಲಿಗೆ ಕಾರ್ನಾಡರನ್ನು ಹಿಂಬಾಲಿಸಿ ನೋಡಿ. ‘ಒಂದಾನೊಂದು ಕಾಲದಲ್ಲಿ’ಗೆ ಅವರು ನಿರ್ದೇಶಕರು, ಶಂಕರ್ ನಟ. ‘ಅಂಜುಮಲ್ಲಿಗೆ’, ‘ನಾಗಮಂಡಲ’ಕ್ಕೆ ಅವರು ನಾಟಕಕಾರರು, ಆಡಿಸಿದ್ದು ಶಂಕರ್ ತಂಡ. ‘ಮಾಲ್ಗುಡಿ ಡೇಸ್’ ಧಾರಾವಾಹಿಗೆ ಬಂದರೆ ಶಂಕರ್ ನಿರ್ದೇಶಕರು, ಕಾರ್ನಾಡರು ನಟ! ಅದರಲ್ಲಿನ ಹುಡುಗ ಸ್ವಾಮಿಯ ಅಪ್ಪನಾಗಿ ಅವರು ಕೋಟು ಹಾಕಿಕೊಂಡು ಗಂಭೀರವಾಗಿ ನಿಂತಿದ್ದನ್ನು ಇಡೀ ದೇಶ ನೋಡಿದೆ. (ಆ ಪಾತ್ರ ಶಂಕರ್ ಮಾಡಿದ್ದು ಅಂತ ನೀವು ಬರೆದಿರುವುದನ್ನು ಓದಿ ನಾನು ಕುರ್ಚಿಯಿಂದ ಎದ್ದೇ ಬಿಟ್ಟೆ.) ಹತ್ತೇ ವರ್ಷದ ಒಳಗೆ ಇಬ್ಬರ ಜಾಗ ಅದಲುಬದಲು. ಹೇಳಿಸಿಕೊಳ್ಳುತ್ತಿದ್ದವರು ಹೇಳುವವರಾದರು. ಸ್ವಾಮಿಯ ಅಮ್ಮನಾಗಿ ಬಂದ ವೈಶಾಲಿ ಕಾಸರವಳ್ಳಿ ರಂಗಭೂಮಿಯವರು, ಮುಂದೆ ತಾವೇ ಧಾರಾವಾಹಿ ನಿರ್ದೇಶಿಸಿದರು. ರಮೇಶ್ ಭಟ್ ಅವರನ್ನು ಹುಡುಕಿ, ನಾಟಕದಲ್ಲೂ ಇದ್ದಾರೆ, ಸಿನಿಮಾದಲ್ಲೂ ಇದ್ದಾರೆ. ಅಂದರೆ ಒಂದೇ ಗುಂಪು ಮೂರು ಮಾಧ್ಯಮದಲ್ಲಿ ಒಟ್ಟಿಗೆ ಓಡಾಡಿದೆ. ಆಗುಂಬೆಯ ಮಳೆಯಲ್ಲಿ, ಅಲ್ಲಿನ ದೊಡ್ಡಮನೆಯಲ್ಲಿ ತೆಗೆದ ಆ ಧಾರಾವಾಹಿ ಅಷ್ಟು ಸಲೀಸಾಗಿ ಕಾಣಲು ಇದೇ ಕಾರಣ ಅಂತ ನನ್ನ ಅನಿಸಿಕೆ. ನಿಮಗೆ ಬೇರೆ ಅನಿಸಿದರೆ ಬೇರೆಯೇ ಬರೆಯಿರಿ, ಜಗಳ ಆಡೋಣ.

ಮಾಲ್ಗುಡಿ ವಿಷಯದಲ್ಲೇ ಇನ್ನೊಂದು. ಅದು ‘ಕನ್ನಡದ ಮೊದಲ ಧಾರಾವಾಹಿ’ ಅಲ್ಲ. ಆರ್.ಕೆ. ನಾರಾಯಣ್ ಕಥೆಗಳನ್ನು ದೂರದರ್ಶನಕ್ಕಾಗಿ ಹಿಂದಿಯಲ್ಲಿ, ಒಂದಷ್ಟನ್ನು ಇಂಗ್ಲಿಷಿನಲ್ಲೂ ತೆಗೆದದ್ದು. ಮಾಡಿದವರು ಹೆಚ್ಚಿನವರು ಕನ್ನಡದವರು, ಊರು ಶಿವಮೊಗ್ಗ ಜಿಲ್ಲೆಯದು, ಸಂಗೀತ ಎಲ್. ವೈದ್ಯನಾಥನ್, ಚಿತ್ರ ಬರೆದವರು ಆರ್.ಕೆ. ಲಕ್ಷ್ಮಣ್. ‘ಆಕ್ಸಿಡೆಂಟ್’ಗೆ ಬಂದ ರಾಷ್ಟ್ರಪ್ರಶಸ್ತಿಯೂ ನಟನೆಗಲ್ಲ, ಸಾಮಾಜಿಕ ವಿಷಯದ ಚಿತ್ರಕ್ಕೆ ಕೊಡುವ ಪ್ರಶಸ್ತಿ ಅದು. ಚಿತ್ರಗಳ ಸಂಖ್ಯೆಯನ್ನು ನೀವು ಎರಡನೇ ಪುಟದಲ್ಲಿ 80 ಅಂದಿದ್ದೀರಿ, ಆರನೇ ಪುಟದಲ್ಲಿ 100 ದಾಟಿಸಿದ್ದೀರಿ. ನಾಲ್ಕು ಪುಟದಲ್ಲಿ 20 ಚಿತ್ರ! ಕೂತು ಒಂದೊಂದಾಗಿ ಎಣಿಸಿ, ಇಲ್ಲವಾದರೆ ಸಂಖ್ಯೆಯನ್ನೇ ಬಿಡಿ. ಮೆಟ್ರೊ, ರೋಪ್‌ವೇ ಬಗ್ಗೆ ಅವರು ಯಾರ ಹತ್ತಿರ, ಯಾವಾಗ, ಏನು ಹೇಳಿದರು ಅಂತ ಹಳೆಯ ಪತ್ರಿಕೆಯಲ್ಲೋ ಸಂದರ್ಶನದಲ್ಲೋ ಸಿಕ್ಕಿದರೆ ಇರಲಿ. ಸಿಗದಿದ್ದರೆ ಎರಡನ್ನೂ ತೆಗೆಯಿರಿ. ಅವರು ಬೆಂಗಳೂರಿನಲ್ಲೇ ಸಂಕೇತ್ ರೆಕಾರ್ಡಿಂಗ್ ಸ್ಟುಡಿಯೊ ಕಟ್ಟಿದರಲ್ಲ, ಅದು ಕನಸಲ್ಲ, ನಡೆದ ಕೆಲಸ. ಹಾಡು, ಮಾತು ಎಲ್ಲಕ್ಕೂ ಮದ್ರಾಸಿಗೆ ಓಡುತ್ತಿದ್ದ ಉದ್ಯಮದಲ್ಲಿ ಅದರ ಬೆಲೆ ಏನು ಅಂತ ಅರ್ಧ ಪುಟ ಬರೆದಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು.

ಅರುಂಧತಿಯವರನ್ನು ನೀವು ‘ದಿವಂಗತರ ಪತ್ನಿ’ ಅಂತ ಒಂದು ಕಡೆ, ‘ನೊಂದ ಜೀವ’ ಅಂತ ಇನ್ನೊಂದು ಕಡೆ ಬರೆದಿದ್ದೀರಿ. ಅವರು ನಟಿ. ‘ಪಾ’ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಪಡೆದವರು, ಪದ್ಮಶ್ರೀ ಪಡೆದವರು. ಜೆ.ಪಿ. ನಗರದ ರಂಗಶಂಕರ ಬಾಗಿಲು ತೆರೆದದ್ದು 2004ರಲ್ಲಿ, ಶಂಕರ್ ಹೋಗಿ ಹದಿನಾಲ್ಕು ವರ್ಷದ ಮೇಲೆ. ‘ಶಂಕರ್‌ನಾಗ್ ಕಟ್ಟಿದ ರಂಗಮಂದಿರ’ ಅಂತ ಬರೆದರೆ ಇವರ ದುಡಿಮೆಯನ್ನು ಅವರ ಲೆಕ್ಕಕ್ಕೆ ಬರೆದಂತಾಯಿತು. ಒಂದು ಸಂಜೆ ಅಲ್ಲಿಗೆ ಹೋಗಿ ನಾಟಕ ನೋಡಿ ಬನ್ನಿ. ಬೇಗ ಹೋಗಿ, ನಾಟಕ ಶುರುವಾದ ಮೇಲೆ ಯಾರನ್ನೂ ಒಳಗೆ ಬಿಡುವುದಿಲ್ಲ.

ಈಗ ಆ ಏಳನೇ ಪುಟ. ನಿಮ್ಮ ಸೋದರಮಾವ ಟೂರಿಂಗ್ ಟಾಕೀಸಿನಲ್ಲಿ ಗೇಟ್ ಕಾಯುತ್ತಿದ್ದರು, ‘ಸಾಂಗ್ಲಿಯಾನ’ ಬಂದಾಗ ಮೊದಲ ಶೋ ನೋಡಿದವರೇ ಹೊರಗೆ ಬಂದು ಬೀಡಿ ಹಚ್ಚಿ ಮತ್ತೆ ಎರಡನೇ ಶೋಗೆ ಸಾಲು ನಿಲ್ಲುತ್ತಿದ್ದರು ಅಂತ ಬರೆದಿದ್ದೀರಿ. ಇದನ್ನು ಬೇರೆ ಯಾರೂ ಬರೆಯಲು ಆಗುವುದಿಲ್ಲ. ಇಲ್ಲಿ ನಿಮ್ಮ ಭಾಷೆಯೂ ಸರಿಹೋಗಿದೆ, ‘ಚಿರಸ್ಮರಣೀಯ’ ಇಲ್ಲ, ‘ದೈತ್ಯ ಪ್ರತಿಭೆ’ ಇಲ್ಲ. ಆದರೆ ಐದೇ ಸಾಲಿಗೆ ಮುಗಿಸಿ ಮತ್ತೆ ವಿಧಿಯ ಹಿಂದೆ ಹೋದಿರಿ. ಮಾವನನ್ನು ಇನ್ನಷ್ಟು ಕೆದಕಿ. ಜನ ಶಿಳ್ಳೆ ಹೊಡೆದದ್ದು ಹೊಡೆದಾಟಕ್ಕಾ, ಮಾತಿಗಾ? ಹೆಂಗಸರು ಬರುತ್ತಿದ್ದರಾ? ‘ಗೀತಾ’ಕ್ಕೆ ಬಂದ ಜನವೇ ಇದಕ್ಕೂ ಬರುತ್ತಿದ್ದರಾ, ಬೇರೆಯವರಾ? ‘ಆಕ್ಸಿಡೆಂಟ್’ ಆ ಟೆಂಟಿಗೆ ಬಂದಿತ್ತಾ? ಬಂದಿದ್ದರೆ ಹಾಡೇ ಇಲ್ಲದ ಆ ಚಿತ್ರವನ್ನು ಜನ ಎಷ್ಟು ದಿನ ನೋಡಿದರು? ಗೇಟ್ ಕಾಯುವವರಿಗೆ ಇದೆಲ್ಲ ಗೊತ್ತಿರುತ್ತದೆ, ಚಿತ್ರಕ್ಕಿಂತ ಜಾಸ್ತಿ ಅವರು ನೋಡುವುದು ಜನರನ್ನೇ. ಇದೇ ನಿಮ್ಮ ಲೇಖನದ ಶುರು ಆಗಬಹುದು.

ಉದ್ದ 1200 ಪದ ದಾಟಬೇಡಿ. ಇಂಟರ್‌ನೆಟ್‌ನಿಂದ ಇಳಿಸಿದ ಫೋಟೊ ಬೇಡ, ಹಕ್ಕಿನ ತಕರಾರು ಬರುತ್ತದೆ. ಮಾವನ ಹತ್ತಿರ ಆ ಟೆಂಟಿನ ಹಳೆಯ ಟಿಕೆಟ್, ಹ್ಯಾಂಡ್‌ಬಿಲ್ ಏನಾದರೂ ಉಳಿದಿದ್ದರೆ ಅದರ ಚಿತ್ರ ತೆಗೆದು ಕಳಿಸಿ. ಮತ್ತೆ ಈ ಸಲ ಯೂನಿಕೋಡ್‌ನಲ್ಲಿ ಟೈಪ್ ಮಾಡಿ. ಹಳೆಯ ನುಡಿ ಫಾಂಟಿನಲ್ಲಿ ಕಳಿಸಿದ್ದರಿಂದ ಇಲ್ಲಿ ಒತ್ತಕ್ಷರಗಳೆಲ್ಲ ಚೆಲ್ಲಾಪಿಲ್ಲಿಯಾಗಿ ಬಂದಿದ್ದವು, ‘ಕರಾಟೆ ಕಿಂಗ್’ ಏನಾಗಿತ್ತು ಅಂತ ಇಲ್ಲಿ ಬರೆಯುವುದು ಬೇಡ.

ನವೆಂಬರಿಗೇ ಬೇಕು ಅಂತೇನಿಲ್ಲ. ಜನವರಿಗೆ ಬಂದರೂ ಓದುತ್ತೇನೆ.

ಸಂಪಾದಕ